ಮುಗಿಯಬಾರದ ಟೀ

ಲೈಸೆನ್ಸ್ ಮುಗಿದ ಮೇಲೆ ಮನುಷ್ಯನಿಗೆ ಯಾವ ಹಕ್ಕು ಉಳಿಯುತ್ತದೆ ಎಂಬ ಗಹನವಾದ ಪ್ರಶ್ನೆಯನ್ನು ಕೆಟಲಣ್ಣ ಯಾವತ್ತೂ ತಲೆಗೆ ಹಚ್ಚಿಕೊಂಡವನಲ್ಲ. ಯಾಕೆ ಹಚ್ಚಿಕೊಳ್ಳಬೇಕು? ಅವನ ಲೆಕ್ಕದಲ್ಲಿ ಲೈಸೆನ್ಸ್ ಎಂದರೆ ಚೌಕಟ್ಟು ಹಾಕಿಸಿ ಗೋಡೆಗೆ ನೇತುಹಾಕುವ ವಸ್ತು. ಪಕ್ಕದಲ್ಲಿ ಕ್ಯಾಲೆಂಡರ್ ಇರುತ್ತದಲ್ಲ, ಹಾಗೆ. ಕ್ಯಾಲೆಂಡರ್ ಮುಗಿಯಿತೆಂದು ಯಾರಾದರೂ ಮನೆ ಖಾಲಿ ಮಾಡುತ್ತಾರೆಯೇ?

ಸ್ಟೇಷನ್ನಿನ ಒಂದನೇ ಪ್ಲಾಟ್‌ಫಾರಂನಲ್ಲಿ, ಮೇಲ್ಸೇತುವೆಯ ಮೆಟ್ಟಿಲಿಗೂ ಕೆಟ್ಟುಹೋದ ತೂಕದ ಯಂತ್ರಕ್ಕೂ ನಡುವೆ ಅವನ ಟೀ ಅಂಗಡಿ. ಹರೆಯದಿಂದಲೂ ಅದೇ ಜಾಗ, ಅದೇ ಒಲೆ, ಅದೇ ದೊಡ್ಡ ಕೆಟಲ್. ಹಿಡಿದು ಹಿಡಿದು ಅವನ ಬಲಗೈ ಎಷ್ಟು ಬಾಗಿತ್ತೆಂದರೆ, ಮದುವೆಮನೆಯಲ್ಲಿ ಬರಿಗೈಲಿ ನಿಂತಿದ್ದರೂ ಜನ ಬಂದು ಲೋಟ ಒಡ್ಡುತ್ತಿದ್ದರು. ಅವನ ನಿಜವಾದ ಹೆಸರು ಗೊತ್ತಿದ್ದದ್ದು ಹೆಂಡತಿಗೊಬ್ಬಳಿಗೆ. ಅವಳೂ "ರೀ" ಎನ್ನುತ್ತಿದ್ದಳೇ ಹೊರತು ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಸ್ಟೇಷನ್ ಕಟ್ಟಿ ಆಮೇಲೆ ಅಂಗಡಿ ಇಟ್ಟದ್ದಲ್ಲ, ಅಂಗಡಿ ಇದೆ ಅಂತಲೇ ಅದರ ಸುತ್ತ ಸ್ಟೇಷನ್ ಕಟ್ಟಿದರು ಎಂದು ಕೆಟಲಣ್ಣ ಪ್ರಾಮಾಣಿಕವಾಗಿ ನಂಬಿದ್ದ.

ಇನ್ನು ಅವನ ಟೀ. ಅದರ ಬಗ್ಗೆ ಹೆಚ್ಚು ಹೇಳಬಾರದು, ಓದುವವರು ಊಟ ಮಾಡಿ ಕೂತಿರುತ್ತೀರಿ. ಇಷ್ಟು ಹೇಳಿದರೆ ಸಾಕು: ಪ್ರಯಾಣಿಕರು ಇಳಿದು ಬರುತ್ತಿದ್ದರು, ಕಪ್ಪು ತೆಗೆದುಕೊಳ್ಳುತ್ತಿದ್ದರು, ಒಂದು ಗುಟುಕು ಕುಡಿದು ಆಕಾಶ ನೋಡುತ್ತಿದ್ದರು, ಕಪ್ಪನ್ನು ಮೆಲ್ಲಗೆ ಕಟ್ಟೆಯ ಮೇಲಿಟ್ಟು ಓಡುತ್ತಿದ್ದರು. "ಪಾಪ," ಎಂದು ಕೆಟಲಣ್ಣ ಮರುಗುತ್ತಿದ್ದ, "ನನ್ನ ಟೀ ಪೂರ್ತಿ ಕುಡಿಯೋ ಯೋಗ ಒಬ್ಬರಿಗೂ ಇಲ್ಲ ನೋಡಿ. ಈ ರೈಲ್ವೆಯವರಿಗೆ ಅದೇನು ಅವಸರವೋ, ಬಾಯಿಗಿಡೋದ್ರೊಳಗೆ ರೈಲು ಬಿಟ್ಬಿಡ್ತಾರೆ." ರೈಲು ಇನ್ನೂ ಬಂದೇ ಇರದಾಗಲೂ ಕೆಲವರು ಓಡುತ್ತಿದ್ದರು. ಅದು ಅವನ ಗಮನಕ್ಕೆ ಬಂದಿರಲಿಲ್ಲ.

ಲೈಸೆನ್ಸ್ ಮುಗಿಯುತ್ತಿದೆ, ಹೊಸ ಟೆಂಡರಿಗೆ ಅರ್ಜಿ ಹಾಕು ಎಂದು ಸ್ಟೇಷನ್ ಮಾಸ್ಟರ್ ಮೂರು ಸಲ ಹೇಳಿದ್ದರು. ಮಾಸ್ಟರ್ ಬಹಳ ಸಾಧು. ಸ್ಟೇಷನ್ನಿನಲ್ಲಿ ಏನೂ ನಡೆಯಬಾರದು ಎಂಬುದೊಂದೇ ಅವರ ಜೀವನದ ಆಸೆ; ಯಾಕೆಂದರೆ ಏನಾದರೂ ನಡೆದರೆ ಅದನ್ನು ಬರೆದು ಮೇಲಕ್ಕೆ ಕಳಿಸಬೇಕು.

"ಅರ್ಜಿ ಹಾಕಪ್ಪಾ. ಆಮೇಲೆ ಗಲಾಟೆ ಬೇಡ," ಎಂದಿದ್ದರು ಅವರು.

"ಸಾರ್, ಮೀನು ಎಲ್ಲಾದ್ರೂ ಕೆರೆಗೆ ಅರ್ಜಿ ಹಾಕುತ್ತಾ?" ಎಂದಿದ್ದ ಕೆಟಲಣ್ಣ.

ಈಗ ಕೆರೆಯನ್ನೇ ಬೇರೆಯವರಿಗೆ ಕೊಟ್ಟಿದ್ದರು. ನಾಳೆ ಬೆಳಿಗ್ಗೆ ಮೇಲಿನ ಕಚೇರಿಯಿಂದ ಇನ್ಸ್‌ಪೆಕ್ಟರು ಬಂದು ಅಂಗಡಿಗೆ ಬೀಗ ಹಾಕಿ ಸೀಲ್ ಒತ್ತುತ್ತಾರೆ ಎಂದು ಮಾಸ್ಟರ್ ಸಂಕೋಚದಿಂದ ಹೇಳಿ, ತಮ್ಮ ಕೋಣೆಗೆ ಹೋಗಿ ಚಿಲಕ ಹಾಕಿಕೊಂಡರು.

ಅಂದು ಊಟಕ್ಕೆ ಕೂತಾಗ ಕೆಟಲಣ್ಣನ ತುತ್ತು ತಟ್ಟೆಗೂ ಬಾಯಿಗೂ ನಡುವೆ ನಿಂತುಬಿಟ್ಟಿತ್ತು.

"ಟೆಂಡರ್ ಹಾಕ್ರೀ ಹಾಕ್ರೀ ಅಂತ ಬಡ್ಕೊಂಡೆ," ಎಂದಳು ಹೆಂಡತಿ. "ಗೋಡೆಗೆ ಹೇಳಿದ್ರೆ ಗೋಡೆಯಾದ್ರೂ ಪ್ರತಿಧ್ವನಿ ಕೊಡ್ತಿತ್ತು. ನಾನಾದ್ರೂ ಬಂದು ಒಂದಿನ ಟೀ ಮಾಡ್ತೀನಿ ಅಂದ್ರೆ ಅದಕ್ಕೂ ಬಿಡ್ಲಿಲ್ಲ."

"ಮನೆ ಟೀ ಬೇರೆ, ಪ್ಲಾಟ್‌ಫಾರಂ ಟೀ ಬೇರೆ ಕಣೆ. ಮನೆ ಟೀ ಯಾರು ಬೇಕಾದ್ರೂ ಮಾಡ್ತಾರೆ." ಅವನ ದನಿ ಇದ್ದಕ್ಕಿದ್ದಂತೆ ಕುಗ್ಗಿತು. "ಅಂಗಡಿ ಹೋದ್ಮೇಲೆ ನಾನು ಯಾರೇ? ನಾಳಿದ್ದು ಸ್ಟೇಷನ್ನಿಗೆ ಹೋಗ್ಬೇಕು ಅಂದ್ರೆ ಪ್ಲಾಟ್‌ಫಾರಂ ಟಿಕೆಟ್ ತಗೋಬೇಕಾ? ನಾನಾ? ಟಿಕೆಟ್ಟಾ?"

ಇದಕ್ಕೆ ಉತ್ತರ ಕೊಟ್ಟವನು ಭಾವಮೈದ. ಅವನು ಹೆಂಡತಿಯ ತಮ್ಮ. ಕೋರ್ಟಿನ ಬಾಗಿಲಲ್ಲಿ ನಿಂತು ಕಕ್ಷಿದಾರರ ಹೆಸರು ಕೂಗುವುದು ಅವನ ಉದ್ಯೋಗ. ಒಂದು ಕೇಸು ಶುರುವಾಗುತ್ತಿದ್ದಂತೆ ಮುಂದಿನವರನ್ನು ಕೂಗಲು ಹೊರಗೆ ಹೋಗಬೇಕಾದ್ದರಿಂದ ಅವನಿಗೆ ಎಲ್ಲ ಕೇಸುಗಳ ಆರಂಭ ಗೊತ್ತಿತ್ತು, ಒಂದರ ತೀರ್ಪೂ ಗೊತ್ತಿರಲಿಲ್ಲ. ಹೀಗೆ ಅರ್ಧ ಕಾನೂನು ಕಲಿತವನ ಧೈರ್ಯ ಪೂರ್ತಿ ಕಲಿತವರಿಗೆ ಎಲ್ಲಿಂದ ಬರಬೇಕು?

"ಭಾವಾ! ಹೆದರ್ಬೇಡಿ! ಲೈಸೆನ್ಸ್ ಬೇರೆ, ಸ್ವಾಧೀನ ಬೇರೆ!" ಎಂದು ಅವನು ಮೆಲ್ಲಗೆ ಹೇಳಿದ. ಅವನ ಮೆಲ್ಲಗೆಗೆ ಪಕ್ಕದ ಮನೆಯವರು ಬಾಗಿಲು ತೆಗೆದು, "ನಮ್ಮನ್ನ ಕರೆದ್ರಾ?" ಎಂದು ಕೇಳಿದರು.

"ಯಾರ ಕೈಯಲ್ಲಿ ಇದೆಯೋ ಅವರದ್ದೇ ಅಂಗಡಿ ಅಂತ ಒಬ್ಬ ವಕೀಲರು ಎಂಥ ವಾದ ಮಾಡಿದ್ರು ಗೊತ್ತಾ! ನಾನೇ ಕಿವಿಯಾರೆ ಕೇಳಿದೀನಿ."

"ಜಡ್ಜು ಏನಂದ್ರು?" ಎಂದಳು ಅಕ್ಕ.

"ಅಷ್ಟೊತ್ತಿಗೆ ನಾನು ಹೊರಗೆ ಹೋದೆ ಅಕ್ಕಾ."

ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ. ಕೆಟಲಣ್ಣ ತುತ್ತನ್ನು ಬಾಯಿಗಿಟ್ಟುಕೊಂಡ.

ಮರುದಿನ ಬೆಳಿಗ್ಗೆ ಇನ್ಸ್‌ಪೆಕ್ಟರು ಬಂದರು. ಒಂದು ಕೈಯಲ್ಲಿ ಬೀಗ, ಇನ್ನೊಂದು ಕೈಯಲ್ಲಿ ಅರಗಿನ ಕಡ್ಡಿ. ಇಸ್ತ್ರಿ ಮಾಡಿದಂಥ ಮನುಷ್ಯ. ಇಡೀ ಇಲಾಖೆಯಲ್ಲಿ ಸೌಜನ್ಯಕ್ಕೆ ಹೆಸರಾದವರು. ಸೌಜನ್ಯಕ್ಕಾಗಿಯೇ ಸಿಕ್ಕಿದ ಒಂದು ಪದಕ ಅವರ ಎದೆಯ ಮೇಲಿತ್ತು, ಎದುರಿನವರು ಅದನ್ನು ಓದಿ ಮುಗಿಸುವವರೆಗೂ ಅವರು ಮಾತು ಶುರುಮಾಡುತ್ತಿರಲಿಲ್ಲ.

"ನೋಡಿ ಅಣ್ಣ," ಎಂದರು ಜೇನಿನಂಥ ದನಿಯಲ್ಲಿ, "ಲೈಸೆನ್ಸ್ ಅಂದ್ರೆ ಬಾಡಿಗೆ ಕರಾರಲ್ಲ. ಇಲ್ಲಿ ನಿಂತು ವ್ಯಾಪಾರ ಮಾಡ್ಕೊಳ್ಳಿ ಅಂತ ಕೊಟ್ಟ ಅನುಮತಿ, ಅಷ್ಟೇ. ಅವಧಿ ಮುಗೀತು, ಅನುಮತಿ ಮುಗೀತು. ಇವತ್ತಿಂದ ಕಾನೂನಿನ ಕಣ್ಣಲ್ಲಿ ನೀವೂ ಒಂದೇ, ಆ ಕಂಬಾನೂ ಒಂದೇ."

"ಹಾಗಾದ್ರೆ ನಾನೂ ಇಲ್ಲೇ ನಿಂತಿರ್ಬಹುದಲ್ಲ ಸಾರ್?"

"ಇಲ್ಲ ಇಲ್ಲ, ಕಂಬಕ್ಕೆ ನಿಲ್ಲೋ ಹಕ್ಕಿದೆ."

ಕೂಲಿಗಳು ಸುತ್ತ ಸೇರಿದ್ದರು. ಭಾವಮೈದ ರಜೆ ಹಾಕಿ ಬಂದು ನಿಂತಿದ್ದ. ಕೆಟಲಣ್ಣನ ಮೋರೆ ಹಿಂಡಿದ ಬಟ್ಟೆಯಾಗಿತ್ತು. ಇನ್ಸ್‌ಪೆಕ್ಟರು ಬೀಗ ಎತ್ತಿದರು, ಆಗ ಅವರ ಕಣ್ಣು ಅಂಗಡಿಯ ಮುಂದಿನ ಬೆಂಚಿನ ಮೇಲೆ ಬಿತ್ತು. ಅಲ್ಲಿ ಒಬ್ಬ ಮುದುಕ ಕಪ್ಪು ಹಿಡಿದು ಕೂತಿದ್ದ. ಇನ್ಸ್‌ಪೆಕ್ಟರೊಳಗಿನ ಸೌಜನ್ಯ ಉಕ್ಕಿತು.

"ಛೆ, ಗಿರಾಕಿ ಕೂತಿದಾರೆ. ಆರಾಮಾಗಿ ಕುಡೀಲಿ. ಗಿರಾಕಿ ಟೀ ಮುಗಿಯೋವರೆಗೂ ನಾನು ಈ ಬಾಗಿಲು ಹಾಕಲ್ಲ. ಇದು ನನ್ನ ಮಾತು."

ಕೂಲಿಗಳೆಲ್ಲ ಒಟ್ಟಿಗೆ ಉಸಿರು ಎಳೆದುಕೊಂಡರು. ಇನ್ಸ್‌ಪೆಕ್ಟರು ಈ ಕಡೆಗೆ ಹೊಸಬರು, ಪಾಪ. ಅವರಿಗೆ ಗುಟುಕು ತಾತನ ಪರಿಚಯವಿರಲಿಲ್ಲ.

ಗುಟುಕು ತಾತ ದಿನಾ ಬೆಳಿಗ್ಗೆ ಹೆಗಲಿಗೊಂದು ಬಟ್ಟೆಚೀಲ ಹಾಕಿಕೊಂಡು ಬರುವವನು. ಒಂದೇ ಒಂದು ಟೀ ಕೊಳ್ಳುವವನು. ಬೆಂಚಿನ ಮೇಲೆ ಕೂತು ಒಂದು ಗುಟುಕು ಕುಡಿದು, ಕಣ್ಣು ಮುಚ್ಚಿ, ಏನೋ ಒಂದು ದುಃಖವನ್ನು ನುಂಗಿಕೊಂಡಂತೆ ನುಂಗಿ, ರೈಲುಗಳನ್ನು ನೋಡುತ್ತ ಕೂರುವವನು. ಇನ್ನೊಂದು ಗುಟುಕಿಗೆ ಎರಡು ರೈಲಾದರೂ ಬಂದು ಹೋಗಬೇಕು. ಸಂಜೆ ಪ್ಲಾಟ್‌ಫಾರಂ ಗುಡಿಸುವವಳು ಪೊರಕೆ ತಾಗಿಸಿದಾಗ ಅರ್ಧ ಕಪ್ಪು ಹಾಗೇ ಬಿಟ್ಟು, ನಿಟ್ಟುಸಿರಿಟ್ಟು ಮನೆಗೆ ಹೋಗುತ್ತಿದ್ದ. ಒಂದೇ ಟೀಗೆ ಇಡೀ ಬೆಂಚು ಹಿಡಿದು ಕೂರುತ್ತಾನೆಂದು ಕೆಟಲಣ್ಣ ಅವನಿಗೆ ಕೊಡದ ಕಾಟವಿಲ್ಲ. ಬೆಂಚಿನ ಒಂದು ಕಾಲು ಗಿಡ್ಡ ಮಾಡಿಸಿದ್ದ. ತಾತ ಆ ಕಡೆಗೇ ಒರಗಿ ಕೂತಿದ್ದ. ಬೆಂಚಿಗೆ ನೀರು ಸುರಿದಿದ್ದ. ತಾತ "ತಂಪಾಗಿದೆ" ಎಂದಿದ್ದ.

ಆ ಕ್ಷಣದಲ್ಲಿ ಕೆಟಲಣ್ಣನ ಕಣ್ಣಿಗೆ ಗುಟುಕು ತಾತ ಹೆತ್ತ ತಂದೆಗಿಂತ ಹತ್ತಿರದವನಾಗಿ ಕಂಡ.

"ಎಲ್ಲಾರೂ ಕೇಳಿಸ್ಕೊಂಡ್ರಲ್ಲಾ!" ಎಂದು ಭಾವಮೈದ ಕೂಗಿದ. ವಿಶ್ರಾಂತಿ ಕೋಣೆಯಲ್ಲಿ ಮಲಗಿದ್ದವರು ಎದ್ದು ನಿಂತರು. "ಗಿರಾಕಿಯ ಟೀ ಮುಗಿಯೋವರೆಗೂ ಅಂಗಡಿ ಮುಚ್ಚಲ್ಲ ಅಂತ ಸಾಹೇಬ್ರು ಹೇಳಿಕೆ ಕೊಟ್ಟಿದಾರೆ! ನಾವೆಲ್ಲ ಸಾಕ್ಷಿ!"

"ಖಂಡಿತ, ಖಂಡಿತ," ಎಂದರು ಇನ್ಸ್‌ಪೆಕ್ಟರು ಮುಗುಳ್ನಗುತ್ತ, ಮತ್ತು ಕೈಗಡಿಯಾರ ನೋಡಿಕೊಂಡರು.

ಮಧ್ಯಾಹ್ನದ ಹೊತ್ತಿಗೆ ಆ ಮುಗುಳ್ನಗೆ ಮೋರೆಯ ಮೇಲೆ ಹಾಗೇ ಒಣಗಿಹೋಗಿತ್ತು. ರೈಲುಗಳು ಬಂದವು, ಹೋದವು. ತಾತ ಒಂದು ಗುಟುಕು ಕುಡಿದ. ಇನ್ಸ್‌ಪೆಕ್ಟರು ಹತ್ತಿರ ಹೋಗಿ ಕಪ್ಪಿನೊಳಗೆ ಬಗ್ಗಿ ನೋಡಿದರು. ಬಾವಿಯೊಳಗೆ ಬಿದ್ದ ಉಂಗುರ ನೋಡುವವರ ಹಾಗೆ ಬಹಳ ಹೊತ್ತು ನೋಡಿದರು.

"ತಾತಾ, ಟೀ ಆರಿಹೋಗುತ್ತೆ."

"ಆರ್ಲಿ ಬಿಡಪ್ಪ. ಬಿಸಿಯಿದ್ದಾಗ ಏನು ಮಹಾ ಇತ್ತು."

ಇನ್ಸ್‌ಪೆಕ್ಟರು ಮಾಸ್ಟರ ಕೋಣೆಗೆ ಹೋಗಿ ಮೇಲಕ್ಕೆ ಫೋನ್ ಮಾಡಿದರು. ಮೇಲಿನವರು ಎಲ್ಲ ಕೇಳಿ, "ಗ್ರಾಹಕರನ್ನ ಅರ್ಧದಲ್ಲಿ ಎಬ್ಬಿಸಿದ್ರು ಅಂತ ಮೊನ್ನೆಯಷ್ಟೇ ಇನ್ನೊಂದು ಸ್ಟೇಷನ್ನಿಂದ ದೂರು ಬಂದಿದೆ. ನಿಮ್ಮ ಮೇಲೂ ದೂರು ಬಂದ್ರೆ ಪದಕ ವಾಪಸ್ ತಗೋಬೇಕಾಗುತ್ತೆ," ಎಂದರು. ಇನ್ಸ್‌ಪೆಕ್ಟರು ಪದಕವನ್ನು ಕೈಯಿಂದ ಮುಚ್ಚಿಕೊಂಡೇ ಹೊರಗೆ ಬಂದರು. "ನಾನು ಈ ವಿಷಯ ಮೇಲಕ್ಕೆ ಬರೆಯೋ ಅಗತ್ಯ ಇಲ್ಲ ತಾನೆ?" ಎಂದು ಮಾಸ್ಟರ್ ಹಿಂದಿನಿಂದ ಆಸೆಯಿಂದ ಕೇಳಿದರು.

ಇತ್ತ ಕೆಟಲಣ್ಣ ಗೆಲುವಿನ ಅಮಲಿನಲ್ಲಿ ಒಂದು ಹೆಜ್ಜೆ ಮುಂದೆ ಹೋಗಿ, ಕೆಟಲ್ ತಂದು ತಾತನ ಕಪ್ಪಿಗೆ ಇನ್ನಷ್ಟು ಟೀ ಬಗ್ಗಿಸಲು ನೋಡಿದ. ಇನ್ಸ್‌ಪೆಕ್ಟರು ಹಾರಿ ಬಂದು ಕಪ್ಪಿನ ಮೇಲೆ ಅಂಗೈ ಇಟ್ಟರು.

"ಅಣ್ಣ! ಗಿರಾಕಿ ಟೀ ಅಂದ್ರೆ ಈ ಟೀ. ಮೇಲೆ ಹಾಕಿದ್ರೆ ಅದು ಬೇರೆ ಟೀ. ಬೇರೆ ಟೀ ಮಾರೋಕೆ ನಿಮಗೆ ಲೈಸೆನ್ಸಿಲ್ಲ!"

"ಕಪ್ಪು ಅದೇ, ಗಿರಾಕಿ ಅವನೇ, ಬೆಂಚು ಅದೇ!" ಎಂದು ಭಾವಮೈದ ವಾದಿಸಿದ. "ಹೊಳೆಗೆ ದಿನಾ ಹೊಸ ನೀರು ಬಂದ್ರೂ ಹೊಳೆ ಅದೇ ಅಲ್ವಾ?"

ಕೂಲಿಗಳು ಎರಡು ಪಕ್ಷವಾದರು. ಹೊಳೆಯ ಪಕ್ಷದವರೂ ಕಪ್ಪಿನ ಪಕ್ಷದವರೂ ಕಿತ್ತಾಡುವಾಗ ಒಂದು ರೈಲಿನ ಸಾಮಾನೆಲ್ಲ ಇಳಿಯದೆ ಮುಂದಿನ ಊರಿಗೆ ಹೋಯಿತು. ಕೊನೆಗೆ ಇನ್ಸ್‌ಪೆಕ್ಟರು ಜೇಬಿನಿಂದ ಪೆನ್ಸಿಲ್ ತೆಗೆದು, ಟೀ ಎಲ್ಲಿಯವರೆಗಿದೆಯೋ ಅಲ್ಲಿಗೆ ಕಪ್ಪಿನ ಒಳಗೋಡೆಯ ಮೇಲೆ ಒಂದು ಗೆರೆ ಎಳೆದರು. ಗೆರೆಯಿಂದ ಮೇಲೆ ಏರಬಾರದು. ಬಿಸಿ ಬೇಕಾದರೆ ಮಾಡಬಹುದು. ಎರಡು ಕಡೆಯವರೂ ಒಪ್ಪಿದರು.

ಒಪ್ಪಿ ಸ್ವಲ್ಪ ಹೊತ್ತಿಗೆ ಇನ್ಸ್‌ಪೆಕ್ಟರಿಗೆ ಒಂದು ಸಂಗತಿ ಹೊಳೆಯಿತು: ಬಿಸಿ ಮಾಡಿದಷ್ಟೂ ಟೀ ಆವಿಯಾಗಿ ಇಳಿಯುತ್ತದೆ! "ಬಿಸಿ ಮಾಡಿ ಅಣ್ಣ! ಪಾಪ ತಾತನಿಗೆ ತಣ್ಣಗಿದೆ! ಚೆನ್ನಾಗಿ ಕುದೀಲಿ!" ಕೆಟಲಣ್ಣನಿಗೂ ಅದೇ ಹೊಳೆಯಿತು. ಅವನು ತಕ್ಷಣ ಒಲೆ ಆರಿಸಿಬಿಟ್ಟ. "ಬಿಸಿ ಟೀ ವಯಸ್ಸಾದೋರಿಗೆ ಒಳ್ಳೇದಲ್ಲ ಸಾರ್." ಅವನು ಅಷ್ಟು ದಿನ ವ್ಯಾಪಾರ ಮಾಡಿದ್ದರಲ್ಲಿ ಒಲೆ ಆರಿಸಿದ್ದು ಅದೇ ಮೊದಲು. ಅಂಗಡಿ ಉಳಿಸಿಕೊಳ್ಳಲು ಅಂಗಡಿಯನ್ನೇ ನಿಲ್ಲಿಸಬೇಕಾಯಿತು, ನೋಡಿ, ಕಾನೂನು ಹಾಗೆ ಇರುತ್ತದೆ.

ಸಂಜೆಯಾಯಿತು. ಗುಡಿಸುವವಳು ಪೊರಕೆ ಹಿಡಿದು ಬಂದಳು. ತಾತ ಅಭ್ಯಾಸದಂತೆ ಕಪ್ಪು ಕೆಳಗಿಟ್ಟು ಎದ್ದ. ಇನ್ಸ್‌ಪೆಕ್ಟರ ಕೈ ಬೀಗಕ್ಕೆ ಹೋಯಿತು.

"ತಾತಾ! ಕಪ್ಪು!" ಎಂದು ಕೆಟಲಣ್ಣ ಕೂಗಿದ. "ಬಿಡ್ಬೇಡಿ ತಾತಾ! ಮನೆಗೆ ತಗೊಂಡ್ಹೋಗಿ! ಬೆಳಿಗ್ಗೆ ತನ್ನಿ!"

"ಕಪ್ಪು ಮನೆಗೆ ಒಯ್ಯೋಕೆ ಕೊಡ್ತೀಯಾ?" ತಾತ ಬೆರಗಾದ. "ಒಂದ್ಸಲ ಚಮಚ ಜೇಬಲ್ಲಿ ಹೋಯ್ತು ಅಂತ ನನ್ನ ಚೀಲ ಎಲ್ಲ ಜಾಲಾಡಿದ್ದೆ."

"ಅದು ಹಳೇ ಕಾಲ ತಾತಾ."

ಹೀಗೆ ಆ ಸಂಜೆ ಊರಿನ ಬೀದಿಯಲ್ಲಿ ಒಂದು ವಿಚಿತ್ರ ಮೆರವಣಿಗೆ ಹೊರಟಿತು. ಮುಂದೆ ತಾತ, ಎರಡೂ ಕೈಯಲ್ಲಿ ಸಾಸರು ಮುಚ್ಚಿದ ಕಪ್ಪು. ಒಂದು ಪಕ್ಕದಲ್ಲಿ ಕೆಟಲಣ್ಣ, ಒಂದು ಹನಿ ಚೆಲ್ಲದಿರಲೆಂದು ದಾರಿಯ ಕಲ್ಲು ಒದ್ದು ಸರಿಸುತ್ತ. ಇನ್ನೊಂದು ಪಕ್ಕದಲ್ಲಿ ಇನ್ಸ್‌ಪೆಕ್ಟರು, ಎಲ್ಲಾದರೂ ಎಡವಲಿ ಎಂದು ಮನಸ್ಸಿನಲ್ಲೇ ಬೇಡಿಕೊಳ್ಳುತ್ತ, ಎಡವಿದಾಗೆಲ್ಲ ಸೌಜನ್ಯದಿಂದ ಅವರೇ ಹಿಡಿದುಕೊಳ್ಳುತ್ತ. ಹಿಂದೆ ಭಾವಮೈದ, "ದಾರಿ ಬಿಡಿ! ದಾರಿ ಬಿಡಿ! ವ್ಯಾಜ್ಯದಲ್ಲಿರೋ ಟೀ!" ಎಂದು ಕೂಗುತ್ತ. ಕ್ಷೌರದಂಗಡಿಯಿಂದ ಅರ್ಧ ಗಡ್ಡದವನೊಬ್ಬ ನೋಡಲು ಓಡಿಬಂದ.

ಬೆಳಿಗ್ಗೆ ಅದೇ ಮೆರವಣಿಗೆ ವಾಪಸ್ ಬಂತು. ಗೆರೆ ಪರೀಕ್ಷಿಸಲಾಯಿತು. ಸರಿಯಾಗಿತ್ತು.

ಎರಡನೇ ದಿನ ಇನ್ಸ್‌ಪೆಕ್ಟರು ತಂತ್ರ ಬದಲಿಸಿದರು. ಚೀಲದ ತುಂಬ ಉಪ್ಪು ಬಿಸ್ಕತ್ತು ತಂದು ತಾತನ ಪಕ್ಕ ಕೂತರು. "ತಗೊಳ್ಳಿ ತಾತ. ಇನ್ನೊಂದು. ಸಂಕೋಚ ಬೇಡ." ತಾತನಿಗೆ ಬಾಯಾರಲಿ, ಬಾಯಾರಿ ಟೀ ಎತ್ತಲಿ ಎಂಬ ಹಂಚಿಕೆ. ಕೆಟಲಣ್ಣ ಓಡಿ ಹೋಗಿ ನೀರಿನ ತಂಬಿಗೆ ತಂದ. ಬಿಸ್ಕತ್ತು ಬಿತ್ತು, ನೀರು ಬಿತ್ತು. ಮತ್ತೆ ಬಿಸ್ಕತ್ತು, ಮತ್ತೆ ನೀರು. ತಾತ ಎರಡೂ ಕಡೆಗೆ ಬಾಯಿ ತಿರುಗಿಸುತ್ತ ಚಿಕ್ಕ ಮಗುವಿನಂತೆ ತಿಂದ. ಕೊನೆಗೆ ತೇಗಿ, "ಇಷ್ಟು ವರ್ಷ ಬಂದ್ರೂ ಇಂಥ ಉಪಚಾರ ಕಂಡಿಲ್ಲಪ್ಪ," ಎಂದ.

ಉಪಚಾರದ ರುಚಿ ಹತ್ತಿದರೆ ಬಿಡುವುದು ಕಷ್ಟ. ಮಧ್ಯಾಹ್ನಕ್ಕೆ ತಾತ ಬೆನ್ನಿಗೆ ದಿಂಬು ಕೇಳಿದ. ಕೆಟಲಣ್ಣ ಮನೆಗೆ ಓಡಿ ಹೆಂಡತಿಯ ದಿಂಬು ಎಳೆದುಕೊಂಡು ಬಂದ. ತಾತ ಪತ್ರಿಕೆ ಓದಿ ಹೇಳಲು ಹೇಳಿದ. ಭಾವಮೈದ ಓದಿದ; ಅವನು ಮರಣ ವಾರ್ತೆಯ ಹೆಸರುಗಳನ್ನು ಓದಿದಾಗ ಸತ್ತವರು ಹಾಜರಾಗುತ್ತಾರೋ ಎಂದು ಜನ ಗೇಟಿನ ಕಡೆ ತಿರುಗಿ ನೋಡಿದರು. ತಾತ ಕಾಲು ಒತ್ತಲು ಹೇಳಿದ. ಒಂದು ಕಾಲು ಕೆಟಲಣ್ಣ ಹಿಡಿದ, ಇನ್ನೊಂದು ಕಾಲು, ತಾವು ಹಿಂದೆ ಬೀಳಬಾರದೆಂದು, ಇನ್ಸ್‌ಪೆಕ್ಟರು ಹಿಡಿದರು.

"ನೀವು ತುಂಬಾ ಜೋರಾಗಿ ಒತ್ತುತೀರಿ ಸಾರ್," ಎಂದ ಕೆಟಲಣ್ಣ.

"ನೀವು ಲೈಸೆನ್ಸಿಲ್ಲದೆ ಒತ್ತುತಾ ಇದೀರಿ ಅಣ್ಣ," ಎಂದರು ಇನ್ಸ್‌ಪೆಕ್ಟರು.

ಹೊಸ ಲೈಸೆನ್ಸ್ ಪಡೆದ ಮೇಡಂ ಬಂದದ್ದು ಈ ದೃಶ್ಯದ ಮಧ್ಯಕ್ಕೆ. ಗಟ್ಟಿ ಹೆಂಗಸು, ಮಾತು ಕಡಿಮೆ, ಬೇರೆ ಬೇರೆ ಸ್ಟೇಷನ್ನುಗಳಲ್ಲಿ ಟೀ ಅಂಗಡಿ ನಡೆಸಿ ಪಳಗಿದವಳು. ಜೊತೆಗೆ ಒಂದು ದೊಡ್ಡ ರಟ್ಟಿನ ಪೆಟ್ಟಿಗೆ. ಒಳಗೆ ಗುಂಡಿ ಒತ್ತಿದರೆ ಟೀ ಸುರಿಸುವ ಯಂತ್ರ. ನಡೆದ ಕಥೆಯನ್ನೆಲ್ಲ ಇನ್ಸ್‌ಪೆಕ್ಟರು ತಾತನ ಕಾಲು ಬಿಡದೆಯೇ ವಿವರಿಸಿದರು. ಅವಳು ಕೂಗಾಡಲಿಲ್ಲ. ಪೆಟ್ಟಿಗೆಯ ಮೇಲೆ ಕೂತಳು.

"ಒಂದು ಕೇಳ್ಲಾ ಸಾರ್? ಈ ತಾತ ಯಾಕೆ ಟೀ ಕುಡೀತಿಲ್ಲ ಅಂತ ಯಾರಾದ್ರೂ ತಾತನ್ನ ಕೇಳಿದ್ರಾ?"

ಇನ್ಸ್‌ಪೆಕ್ಟರು ಕೆಟಲಣ್ಣನ ಮೋರೆ ನೋಡಿದರು. ಕೆಟಲಣ್ಣ ಭಾವಮೈದನ ಮೋರೆ ನೋಡಿದ. ಇಷ್ಟು ಜಟಿಲವಾದ ವ್ಯಾಜ್ಯದಲ್ಲಿ ಅಂಥ ಸುಲಭದ ಪ್ರಶ್ನೆ ಕೇಳುವುದು ಮೂವರಿಗೂ ಅಗೌರವವೆನಿಸಿತ್ತು.

"ಅದು ತಾತನ ಖಾಸಗಿ ವಿಚಾರ," ಎಂದ ಭಾವಮೈದ.

"ಸರಿ. ನಿನ್ನೆ ಮಾಡಿದ್ದು ಕೆಟಲಲ್ಲಿ ಇದೆಯಲ್ಲ, ಒಂದು ತೊಟ್ಟು ಕೊಡಿ, ರುಚಿ ನೋಡ್ತೀನಿ. ಮಾರ್ಬೇಡಿ, ಹಾಗೇ ಕೊಡಿ." ಒಂದು ಗುಟುಕು ಕುಡಿದಳು. ಆಕಾಶ ನೋಡಿದಳು. ಕಪ್ಪನ್ನು ಮೆಲ್ಲಗೆ ಪೆಟ್ಟಿಗೆಯ ಮೇಲಿಟ್ಟಳು.

"ಮುಗಿಸಲ್ವಾ ಮೇಡಂ?" ಎಂದ ಕೆಟಲಣ್ಣ.

"ನಂಗೂ ಮನೇಲಿ ಮಕ್ಕಳಿದಾರೆ," ಎಂದಳು ಅವಳು.

ಕೆಟಲಣ್ಣ ಆನಂದದಿಂದ ಭಾವಮೈದನ ಭುಜ ಹಿಡಿದು ಅಲುಗಾಡಿಸಿದ. ಮುಗಿಯದ ಕಪ್ಪು ಈಗ ಎರಡಾದವು! ಅಂಗಡಿ ಕಿತ್ತುಕೊಳ್ಳಲು ಬಂದವಳೇ ಅಂಗಡಿಯ ಕೊನೆಯ ಗಿರಾಕಿ! ತಾತ ಕೈಕೊಟ್ಟರೂ ಈಕೆ ಇದ್ದಾಳೆ. ಇವಳ ಟೀ ಮುಗಿಯುವವರೆಗೆ ಇವಳಿಗೇ ಅಂಗಡಿ ಸಿಗುವುದಿಲ್ಲ! ಇಂಥ ಕೇಸಿನ ಆರಂಭವನ್ನು ತಾನು ಕೋರ್ಟಿನಲ್ಲೂ ಕೇಳಿಲ್ಲ ಎಂದು ಭಾವಮೈದ ಒಪ್ಪಿಕೊಂಡ. ದುಡ್ಡು ಕೊಡದವರು ಗಿರಾಕಿಯಲ್ಲ ಎಂದು ಇನ್ಸ್‌ಪೆಕ್ಟರು ಕ್ಷೀಣವಾಗಿ ಹೇಳಿದರು. ಅದು ಯಾರಿಗೂ ಕೇಳಿಸಲಿಲ್ಲ.

ಮೂರನೇ ದಿನ ಬೆಳಿಗ್ಗೆ ಸ್ಟೇಷನ್ನು ಜಾತ್ರೆಯಾಗಿತ್ತು. ಟಿಕೆಟ್ ಕೊಳ್ಳದವರೂ ಪ್ಲಾಟ್‌ಫಾರಂ ಟಿಕೆಟ್ ಕೊಂಡು ಟೀ ನೋಡಲು ಬಂದರು. ತಾತ ದಿಂಬಿಗೆ ಒರಗಿ ಕೂತಿದ್ದ. ಕಪ್ಪಿನ ಟೀ ಮೇಲೆ ಕೆನೆಯೋ ಪಾಚಿಯೋ ಹೇಳಲಾಗದ ಒಂದು ಪದರ ಕಟ್ಟಿತ್ತು, ಅದರ ಮೇಲೆ ಇರುವೆಯೊಂದು ಆರಾಮವಾಗಿ ಓಡಾಡುತ್ತಿತ್ತು. ತಾತ ಗುಟುಕರಿಸುವುದನ್ನೂ ಬಿಟ್ಟು ಬರೀ ಹಿಡಿದುಕೊಂಡಿದ್ದ. ಕಾನೂನಿನ ದೃಷ್ಟಿಯಿಂದ ಕೆಟಲಣ್ಣನ ಅಂಗಡಿ ಶಾಶ್ವತವಾಗಿತ್ತು.

ಆಗ ಮೇಲ್ಸೇತುವೆಯ ಮೆಟ್ಟಿಲಿಳಿದು ಬಂದಳು ಹೆಂಡತಿ.

"ಎಲ್ರೀ ನನ್ನ ದಿಂಬು?"

ಗುಂಪು ಎರಡು ಪಾಲಾಗಿ ದಾರಿ ಬಿಟ್ಟಿತು. ಇನ್ಸ್‌ಪೆಕ್ಟರು ಯಾಕೋ ಎದ್ದು ನಿಂತರು.

"ಅದು... ತಾತನ ಬೆನ್ನಿಗೆ... ಕೇಸು ನಡೀತಿದೆ ಕಣೆ..."

"ದಿಂಬಿಲ್ಲದೆ ರಾತ್ರಿಯೆಲ್ಲ ಮಲಗಿ ನನ್ನ ಕುತ್ತಿಗೆ ಉಳುಕಿದೆ, ನಿಮ್ಮ ಕೇಸಿಗಿಷ್ಟು!" ಅವಳು ದಿಂಬಿಗೆ ಕೈಹಾಕಿದವಳು ತಾತನ ಕಪ್ಪು ಕಂಡು ಅಲ್ಲೇ ನಿಂತಳು. ಬಗ್ಗಿ ಮೂಸಿದಳು. "ಅಯ್ಯೋ ನಿಮ್ಮ! ವಯಸ್ಸಾದೋರಿಗೆ ಇದನ್ನ ಕುಡಿಸ್ತಿದೀರಾ? ದನಕ್ಕೂ ಇಡಲ್ಲ ಇಂಥದ್ದು! ಮೂರು ಜನ ಗಂಡಸ್ರು, ಒಬ್ಬರಿಗೂ ಕಣ್ಣು ಕಾಣ್ಲಿಲ್ವಾ?" ಎಂದವಳೇ ಕಪ್ಪು ಕಿತ್ತುಕೊಂಡು ಟೀಯನ್ನು ಹಳಿಯ ಮೇಲೆ ಚೆಲ್ಲಿಬಿಟ್ಟಳು.

ಗುಂಪೆಲ್ಲ ಹಳಿಯ ಕಡೆಗೆ ಬಗ್ಗಿ ನೋಡಿತು.

"ಮುಗೀತು!" ಎಂದು ಇನ್ಸ್‌ಪೆಕ್ಟರು ಮೊದಲ ಸಲ ಸೌಜನ್ಯ ಮರೆತು ಕುಣಿದರು.

"ಚೆಲ್ಲಿದ್ದು ಕುಡಿದ ಹಾಗಲ್ಲ!" ಎಂದು ಭಾವಮೈದ ಗರ್ಜಿಸಿದ. "ಸಾಕ್ಷ್ಯ ನಾಶ! ಅಕ್ಕಾ, ನೀನು ಯಾರ ಕಡೆ?"

"ಬಾಯಿ ಮುಚ್ಚೋ," ಎಂದಳು ಅಕ್ಕ. ಕೋರ್ಟಿನಲ್ಲಿ ಯಾರಿಗೂ ಸಾಧ್ಯವಾಗದ್ದು ಆ ಎರಡು ಪದದಲ್ಲಿ ಆಯಿತು. ಅವಳು ಅಂಗಡಿಯೊಳಗೆ ನುಗ್ಗಿ ಕೆಟಲನ್ನು ಬಗ್ಗಿಸಿದಳು. ಒಳಗಿನಿಂದ ಬಂದದ್ದನ್ನು ನೋಡಿ ಒಂದು ಕ್ಷಣ ಕಣ್ಣು ಮುಚ್ಚಿಕೊಂಡಳು. ಆಮೇಲೆ ಅದನ್ನು ಉಜ್ಜಿದಳು. ಉಜ್ಜಿದಾಗ ಕೆಟಲಿನ ಬಣ್ಣ ಬಿಳಿ ಎಂಬುದು ಕೆಟಲಣ್ಣನಿಗೇ ಹೊಸ ಸುದ್ದಿಯಾಯಿತು. ಒಲೆ ಹಚ್ಚಿದಳು.

"ಹೊಸ ಟೀ ಮಾಡೋ ಹಾಗಿಲ್ಲ ತಾಯಿ, ಲೈಸೆನ್ಸ್..." ಎಂದು ಇನ್ಸ್‌ಪೆಕ್ಟರು ಶುರುಮಾಡಿದರು.

"ಮಾಡ್ಲಿ ಬಿಡಿ ಸಾರ್," ಎಂದಳು ಪೆಟ್ಟಿಗೆಯ ಮೇಲೆ ಕೂತಿದ್ದ ಮೇಡಂ. "ಅಂಗಡಿ ನನ್ನದೇ ತಾನೆ? ನಾನು ಬೇಡ ಅನ್ನಲ್ಲ. ಚೆಲ್ಲಿದ ಬದಲಿಗೆ ಅಷ್ಟೇ ಅಳತೆ ಹಾಕ್ಲಿ."

ಇದು ಎಲ್ಲರಿಗೂ ನ್ಯಾಯವಾಗಿ ಕಂಡಿತು. ಟೀ ಕುದಿಯಿತು. ಅದರ ಪರಿಮಳ ಮೊದಲು ಕೂಲಿಗಳ ಹತ್ತಿರ ಬಂತು, ಆಮೇಲೆ ವಿಶ್ರಾಂತಿ ಕೋಣೆಗೆ ಹೋಯಿತು, ಕೊನೆಗೆ ಮಾಸ್ಟರ ಕೋಣೆಯ ಚಿಲಕ ತಾನಾಗಿ ತೆಗೆದುಕೊಂಡಿತು. ಹೆಂಡತಿ ತೊಳೆದ ಕಪ್ಪಿಗೆ ಸರಿಯಾಗಿ ಪೆನ್ಸಿಲ್ ಗೆರೆಯವರೆಗೆ ಬಗ್ಗಿಸಿ ತಾತನ ಕೈಗೆ ಕೊಟ್ಟಳು.

ಕೆಟಲಣ್ಣ ನಿಶ್ಚಿಂತನಾಗಿದ್ದ. ಗೆರೆಯವರೆಗೆ ತುಂಬಿದೆ, ತಾತನ ವೇಗದಲ್ಲಿ ಇದು ಇನ್ನೊಂದು ವಾರಕ್ಕೆ ಸಾಕು. "ನಿಧಾನಕ್ಕೆ ತಾತಾ," ಎಂದ ಪ್ರೀತಿಯಿಂದ.

ತಾತ ಒಂದು ಗುಟುಕು ಕುಡಿದ. ಕಣ್ಣು ಮುಚ್ಚಿದ. ಆದರೆ ಈ ಸಲ ದುಃಖ ನುಂಗಲಿಲ್ಲ. ಕಣ್ಣು ತೆರೆದು ಕಪ್ಪನ್ನೊಮ್ಮೆ, ಕೆಟಲಣ್ಣನ ಹೆಂಡತಿಯನ್ನೊಮ್ಮೆ ನೋಡಿದ. ಆಮೇಲೆ ಕಪ್ಪನ್ನೆತ್ತಿ, ಗಟಗಟನೆ, ಮಧ್ಯೆ ಉಸಿರು ಕೂಡ ಬಿಡದೆ, ಕೊನೆಯ ಹನಿಯವರೆಗೂ ಕುಡಿದುಬಿಟ್ಟ. ಕುಡಿದು ಕಪ್ಪನ್ನು ಬೋರಲು ಹಾಕಿ ಬೆಂಚಿನ ಮೇಲಿಟ್ಟ.

ಕೆಟಲಣ್ಣ ಬೋರಲು ಹಾಕಿದ ಕಪ್ಪನ್ನು ಎತ್ತಿ ಒಳಗೆ ನೋಡಿದ.

"ತಾತಾ... ಏನ್ ಮಾಡಿದ್ರಿ ತಾತಾ..."

"ಟೀ ಕುಡಿದೆ ಕಣಪ್ಪ," ಎಂದ ತಾತ ಬಾಯಿ ಒರೆಸಿಕೊಳ್ಳುತ್ತ. "ಎಷ್ಟು ವರ್ಷದಿಂದ ಕುಡಿಯೋಣ ಅಂತಿದ್ದೆ. ನಿನ್ನ ಟೀ ಒಂದೊಂದೇ ಗುಟುಕು ಬಿಟ್ರೆ ಗಂಟಲಲ್ಲಿ ಇಳೀತಾನೇ ಇರ್ಲಿಲ್ಲ. ದುಡ್ಡು ಕೊಟ್ಟಿದ್ದು ಚೆಲ್ಲೋಕೂ ಮನಸ್ಸು ಬರ್ತಿರ್ಲಿಲ್ಲ. ಇದೊಂದು ಮುಗಿಸಿ ಹತ್ತೋಣ, ಇದೊಂದು ಮುಗಿಸಿ ಹತ್ತೋಣ ಅಂತ ದಿನಾ ರೈಲು ತಪ್ಪಿಹೋಗ್ತಿತ್ತು."

"ರೈಲಾ? ಯಾವ ರೈಲು?"

"ಮಗಳ ಮನೆಗೆ ಹೋಗೋ ರೈಲು. ಮತ್ತೆ ಈ ಚೀಲ ಯಾಕೆ ಅಂದ್ಕೊಂಡೆ? ಬಟ್ಟೆ ಇದೆ ಒಳಗೆ." ಅಷ್ಟರಲ್ಲಿ ಆ ರೈಲೇ ಬಂದು ನಿಂತಿತು. ತಾತ ಚೀಲ ಹೆಗಲಿಗೇರಿಸಿ ಬಾಗಿಲು ಹಿಡಿದು ಹತ್ತಿದ. ಕಿಟಕಿಯಿಂದ ತಲೆ ಹೊರಹಾಕಿ, "ತಾಯೀ, ದಿಂಬು ಚೆನ್ನಾಗಿತ್ತು!" ಎಂದ. ರೈಲು ಹೊರಟಿತು.

ದುಡ್ಡು ಕೊಡದ ತಾನು ಗಿರಾಕಿಯೇ ಅಲ್ಲ ಎಂದು ಮೇಡಂ ತನ್ನ ಕಪ್ಪಿನ ಟೀಯನ್ನೂ ಹಳಿಗೆ ಚೆಲ್ಲಿದಳು. ಇನ್ಸ್‌ಪೆಕ್ಟರು ಬೀಗ ಹಾಕಿದರು, ಅರಗು ಕರಗಿಸಿ ಸೀಲ್ ಒತ್ತಿದರು, ಎಲ್ಲರಿಗೂ ಸೌಜನ್ಯದಿಂದ ವಂದಿಸಿ, ಪದಕ ಒರೆಸಿಕೊಂಡು ಹೊರಟುಹೋದರು. ಭಾವಮೈದ ಒಂದು ತೀರ್ಪನ್ನು ಕಣ್ಣಾರೆ ಕಂಡದ್ದು ಅದೇ ಮೊದಲು. ಅವನು ತಲೆ ಸುತ್ತಿ ತೂಕದ ಯಂತ್ರದ ಮೇಲೆ ಕೂತ. ಕೆಟ್ಟುಹೋಗಿದ್ದ ಅದು ಮತ್ತೆ ಕೆಲಸ ಮಾಡಲಾರಂಭಿಸಿತು.

ಕೆಟಲಣ್ಣ ಮಾತ್ರ ಬಾಗಿದ ಬಲಗೈ ಹಾಗೇ ಹಿಡಿದುಕೊಂಡು ನಿಂತಿದ್ದ. ಮೇಡಂ ಅವನನ್ನು ದಾಟಿ ಅವನ ಹೆಂಡತಿಯ ಹತ್ತಿರ ಹೋದಳು.

"ಅಕ್ಕಾ, ಈ ಯಂತ್ರ ವಾಪಸ್ ಕಳಿಸ್ತೀನಿ. ನಾಳೆ ಸೀಲ್ ತೆಗೆದು ಅಂಗಡಿ ನನ್ನ ಕೈಗೆ ಕೊಡ್ತಾರೆ. ನೀವು ಬಂದು ಒಲೆ ನೋಡ್ಕೋತೀರಾ?"

ಹೆಂಡತಿ ದಿಂಬನ್ನು ಕಂಕುಳಲ್ಲಿ ಹಿಡಿದು ಗಂಡನ ಮೋರೆ ನೋಡಿದಳು. ಕೆಟಲಣ್ಣ ನೆಲ ನೋಡಿದ. ಆಮೇಲೆ, ಅವನ ಜೀವನದಲ್ಲಿ ಅತಿ ಚಿಕ್ಕ ದನಿಯಲ್ಲಿ, "ಮನೆ ಟೀನ ಯಾರು ಬೇಕಾದ್ರೂ ಮಾಡಕ್ಕಾಗಲ್ಲ ಕಣೆ," ಎಂದ.

"ಬರ್ತೀನಿ," ಎಂದಳು ಅವಳು ಮೇಡಂಗೆ. "ಆದ್ರೆ ಒಂದು ಮಾತು. ಇವ್ರು ಒಲೆ ಹತ್ರ ಬರೋ ಹಾಗಿಲ್ಲ."

ಈಗ ಆ ಸ್ಟೇಷನ್ನಿನಲ್ಲಿ ಪ್ರಯಾಣಿಕರು ಟೀ ಮುಗಿಸಿ ಇನ್ನೊಂದು ಕೇಳುತ್ತಾರೆ, ರೈಲುಗಳು ತಡವಾಗುತ್ತವೆ, ಯಾಕೆಂದು ಬರೆದು ಮೇಲಕ್ಕೆ ಕಳಿಸಬೇಕಾಗಿ ಮಾಸ್ಟರ್ ಸೊರಗಿದ್ದಾರೆ. ಡ್ರೈವರುಗಳೂ ಇಳಿದು ಬರುತ್ತಾರೆ.

ಕೆಟಲಣ್ಣ ದಿನಾ ಬೆಳಿಗ್ಗೆ ಪ್ಲಾಟ್‌ಫಾರಂ ಟಿಕೆಟ್ ಕೊಳ್ಳುತ್ತಾನೆ. ಕೊಂಡು ನೇರವಾಗಿ ಒಂದು ಕಾಲು ಗಿಡ್ಡವಿರುವ ಆ ಬೆಂಚಿಗೆ ಬರುತ್ತಾನೆ. ಲೈಸೆನ್ಸ್ ಮುಗಿದವನಿಗೆ ಹಕ್ಕಿಲ್ಲದಿರಬಹುದು, ಆದರೆ ಗಿರಾಕಿಗೆ ಇದೆ. ಗಿರಾಕಿಯ ಟೀ ಮುಗಿಯುವವರೆಗೂ ಯಾರೂ ಎಬ್ಬಿಸುವ ಹಾಗಿಲ್ಲ, ಇದನ್ನು ಅವನು ಇನ್ಸ್‌ಪೆಕ್ಟರ ಬಾಯಿಂದಲೇ ಕೇಳಿದ್ದಾನೆ. ಒಂದು ಟೀ ಕೊಂಡು, ಇವತ್ತು ಸಂಜೆಯವರೆಗೆ ಇಲ್ಲೇ ಕೂರುವುದೆಂದು ನಿರ್ಧರಿಸಿ, ಒಂದೇ ಒಂದು ಗುಟುಕು ಕುಡಿದು ರೈಲು ನೋಡುತ್ತಾನೆ. ರೈಲಿನ ಇಂಜಿನ್ನು ದಾಟಿ ಮೊದಲ ಡಬ್ಬಿ ಬರುವಷ್ಟರಲ್ಲಿ ಕಪ್ಪು ಖಾಲಿಯಾಗಿರುತ್ತದೆ. ಹೇಗೆ ಖಾಲಿಯಾಯಿತೆಂದು ಅವನಿಗೇ ತಿಳಿಯುವುದಿಲ್ಲ.

"ಮುಗೀತಲ್ಲ, ಏಳ್ರೀ," ಎನ್ನುತ್ತಾಳೆ ಹೆಂಡತಿ ಒಳಗಿನಿಂದ. "ಬೇರೆ ಗಿರಾಕಿ ನಿಂತಿದಾರೆ."

ಕೆಟಲಣ್ಣ ಎದ್ದು ಕಟ್ಟೆಯ ಹತ್ತಿರ ಬರುತ್ತಾನೆ, ಆ ಕಡೆ ಈ ಕಡೆ ನೋಡುತ್ತಾನೆ, ಯಾರಿಗೂ ಕೇಳದಂತೆ ಬಗ್ಗಿ ಬೇಡಿಕೊಳ್ಳುತ್ತಾನೆ:

"ಲೇ, ಇನ್ನೊಂದು ಕೊಡೆ. ನನಗೊಬ್ಬನಿಗೆ ಸ್ವಲ್ಪ ಕೆಟ್ಟದಾಗಿ ಮಾಡ್ಕೊಡೆ."